ಹೊತ್ತು ಕೆಟ್ಟ ಕೊಳ್ಳ: ಕಟ್ಟುವವರಿಗೆ ಒಂದಿಷ್ಟು ಲೆಕ್ಕ

(ವಿಜ್ಞಾನ ಕಥೆ ಬರೆಯುವವರ ಕಮ್ಮಟವೊಂದಕ್ಕಾಗಿ ಸಿದ್ಧಪಡಿಸಿದ ಉಪನ್ಯಾಸದ ಬರಹ ರೂಪ)

ಕಾಲ ಕೆಟ್ಟ ಕಣಿವೆಯ ಕಥೆ ಅಂದ ಕೂಡಲೇ ನಮ್ಮ ಕೈ ಒಂದು ಹಳೆಯ ದಾರಿ ಹಿಡಿಯುತ್ತದೆ. ಕುರಿ ಕಾಯುವ ಹುಡುಗ ಕಳೆದುಹೋದ ಮರಿಯನ್ನು ಹುಡುಕುತ್ತ ಕೊಳ್ಳಕ್ಕೆ ಇಳಿಯುತ್ತಾನೆ, ಅರ್ಧ ಗಂಟೆ ಬಿಟ್ಟು ಮೇಲೆ ಬರುತ್ತಾನೆ, ಊರಲ್ಲಿ ಮೂವತ್ತು ವರ್ಷ ಕಳೆದಿರುತ್ತದೆ. ಅವ್ವ ಇಲ್ಲ, ಮನೆ ಬಿದ್ದಿದೆ, ಗುರುತು ಹಿಡಿಯುವವರಿಲ್ಲ. ಕಥೆ ಮುಗಿಯಿತು. ಇಂಥ ಕಥೆ ಬರೆಯಬಾರದು ಅಂತ ಹೇಳುತ್ತಿಲ್ಲ. ಆದರೆ ಇಲ್ಲಿ ಕೆಟ್ಟಿರುವುದು ಗಡಿಯಾರ ಮಾತ್ರ, ಕೊಳ್ಳ ಎಂದಿನ ಕೊಳ್ಳವೇ. ಆ ಅರ್ಧ ಗಂಟೆಯಲ್ಲಿ ಮೂವತ್ತು ವರ್ಷದ ಬಿಸಿಲು ಹುಡುಗನ ಮೇಲೆ ಬೀಳಬೇಕಿತ್ತಲ್ಲ, ಅದೆಲ್ಲಿ ಹೋಯಿತು? ಮೂವತ್ತು ಮಳೆಗಾಲದ ನೀರು ಆ ಹಳ್ಳದಲ್ಲಿ ಹರಿಯಬೇಕಿತ್ತಲ್ಲ, ಹುಡುಗ ಕೊಚ್ಚಿಹೋಗಲಿಲ್ಲ ಯಾಕೆ?

ಇಂಥ ಕೊಳ್ಳದಲ್ಲಿ ಅಪಾಯ ಇರುವುದು ತಳದಲ್ಲಲ್ಲ, ಹೊತ್ತಿನ ವೇಗ ಬದಲಾಗುವ ಅಂಚಿನಲ್ಲಿ. ಬೆಳಕು, ಗಾಳಿ, ನೀರು, ಹಗ್ಗ, ರಕ್ತ ಎಲ್ಲವೂ ಆ ಅಂಚನ್ನು ದಾಟಲೇಬೇಕು, ದಾಟುವಾಗ ಒಂದೊಂದಕ್ಕೂ ಏನೋ ಆಗುತ್ತದೆ. ಏನಾಗುತ್ತದೆ ಅಂತ ಲೆಕ್ಕ ಹಾಕಿಕೊಂಡರೆ ಕಥೆಗೆ ಬೇಕಾದ ಭಯ ಅಲ್ಲೇ ಸಿಗುತ್ತದೆ. ರಾಕ್ಷಸ, ಶಾಪ ಏನೂ ಬೇಕಿಲ್ಲ.

ನಮ್ಮ ಪುರಾಣಿಕರಿಗೆ ಈ ವಿಷಯ ಅಷ್ಟಿಷ್ಟು ಗೊತ್ತಿತ್ತು. ಭಾಗವತದ ಒಂಬತ್ತನೆಯ ಸ್ಕಂಧದಲ್ಲಿ ರಾಜ ಕಕುದ್ಮಿ ಮಗಳು ರೇವತಿಯನ್ನು ಕರೆದುಕೊಂಡು ಬ್ರಹ್ಮನ ಸಭೆಗೆ ಹೋಗುತ್ತಾನೆ, ಗಂಡು ಯಾರೆಂದು ಕೇಳಲು. ಅಲ್ಲಿ ಗಾಯನ ನಡೆದಿರುತ್ತದೆ, ಮುಗಿಯುವವರೆಗೆ ಕಾಯುತ್ತಾನೆ. ಅಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗ ಆಗಿಹೋಯಿತು ಅಂತ ಬ್ರಹ್ಮ ನಗುತ್ತಾನೆ. ಚತುರ್ಯುಗಕ್ಕೆ 43 ಲಕ್ಷ 20 ಸಾವಿರ ವರ್ಷ, 27 ಸಲ ಅಂದರೆ 11 ಕೋಟಿ 66 ಲಕ್ಷ. ಕಛೇರಿ ಒಂದು ಗಂಟೆಯದು ಅಂದುಕೊಂಡರೆ ಹೊತ್ತಿನ ಅನುಪಾತ ಸುಮಾರು ಒಂದು ಲಕ್ಷ ಕೋಟಿ. ನನಗೆ ಇಷ್ಟವಾಗುವುದು ಆ ದೊಡ್ಡ ಸಂಖ್ಯೆಯಲ್ಲ, ಆಮೇಲೆ ವಿಷ್ಣುಪುರಾಣದಲ್ಲಿ ಬರುವ ಸಣ್ಣ ವಿವರ: ಹಳೆಯ ಯುಗದ ರೇವತಿ ಹೊಸ ಯುಗದ ಬಲರಾಮನಿಗಿಂತ ಎಷ್ಟೋ ಎತ್ತರ, ಅವನು ನೇಗಿಲ ತುದಿಯಿಂದ ಎಳೆದು ಅವಳನ್ನು ಗಿಡ್ಡ ಮಾಡಿಕೊಳ್ಳುತ್ತಾನೆ. ಗುಹೆಯಲ್ಲಿ ಯುಗಗಟ್ಟಲೆ ಮಲಗಿದ್ದ ಮುಚುಕುಂದನೂ ಹಾಗೆಯೇ. ಹೊರಗೆ ಬಂದು ಮನುಷ್ಯರು, ದನಕರು, ಗಿಡಮರ ಎಲ್ಲ ಸಣ್ಣದಾಗಿರುವುದನ್ನು ನೋಡಿ ಕಲಿಯುಗ ಬಂತು ಅಂತ ತಿಳಿಯುತ್ತಾನೆ. ಯಾರೂ ಅವನಿಗೆ ತಾರೀಕು ಹೇಳುವುದಿಲ್ಲ. ಹೊತ್ತಿನ ವ್ಯತ್ಯಾಸ ವಸ್ತುವಿನಲ್ಲಿ ಕಾಣಿಸಬೇಕು ಅನ್ನುವುದು ಆ ಕಥೆಗಾರರಿಗೆ ಗೊತ್ತಿತ್ತು.

ಈಗ ನಿಜವಾದ ಕಣಿವೆಗೆ ಬನ್ನಿ. ನಿಜವಾದ ಕಣಿವೆಗಳಲ್ಲೂ ತಳದಲ್ಲಿ ಹೊತ್ತು ನಿಧಾನ. ಐನ್‌ಸ್ಟೈನ್ ಹೇಳಿದ ಪ್ರಕಾರ ಭೂಮಿಯ ಮೇಲೆ ಒಂದು ಮೀಟರ್ ಕೆಳಗಿನ ಗಡಿಯಾರ ಮೇಲಿನದಕ್ಕಿಂತ ಹತ್ತು ಸಾವಿರ ಲಕ್ಷ ಕೋಟಿಯಲ್ಲಿ ಒಂದು ಪಾಲಿನಷ್ಟು ಹಿಂದೆ ಬೀಳುತ್ತದೆ. ಇದನ್ನು ಅಳೆದೂ ಆಗಿದೆ. ಹಾರ್ವರ್ಡಿನಲ್ಲಿ ಪೌಂಡ್ ಮತ್ತು ರೆಬ್ಕಾ 22.5 ಮೀಟರ್ ಎತ್ತರದ ಗೋಪುರದಲ್ಲಿ ಗಾಮಾ ಕಿರಣ ಬಿಟ್ಟು 1960ರಲ್ಲಿ ತೋರಿಸಿದರು. 2010ರಲ್ಲಿ ಅಮೆರಿಕದಲ್ಲಿ ಒಂದು ಗಡಿಯಾರವನ್ನು ಇನ್ನೊಂದಕ್ಕಿಂತ 33 ಸೆಂಟಿಮೀಟರ್ ಮೇಲೆತ್ತಿದ್ದೇ ಸಾಕಾಯಿತು. ಟೋಕಿಯೊದ ಸ್ಕೈಟ್ರೀ ಗೋಪುರದಲ್ಲಿ 450 ಮೀಟರ್ ಮೇಲಿನ ಗಡಿಯಾರ ದಿನಕ್ಕೆ ಸುಮಾರು 4.26 ನ್ಯಾನೊಸೆಕೆಂಡ್ ಮುಂದೆ ಓಡಿತು. ಗ್ರ್ಯಾಂಡ್ ಕ್ಯಾನ್ಯನ್‌ಗೆ ಇದೇ ಲೆಕ್ಕ ಹಾಕಿ. ಆಳ ಸುಮಾರು 1.6 ಕಿಲೊಮೀಟರ್, ತಳದ ಗಡಿಯಾರ ವರ್ಷಕ್ಕೆ ಐದೂವರೆ ಮೈಕ್ರೊಸೆಕೆಂಡ್ ಹಿಂದೆ. ಅಷ್ಟು ಆಳ ಮೊದಲ ದಿನದಿಂದಲೂ ಇತ್ತು ಅಂತಿಟ್ಟುಕೊಂಡು 60 ಲಕ್ಷ ವರ್ಷಕ್ಕೆ ಕೂಡಿಸಿದರೂ ಒಟ್ಟು ವ್ಯತ್ಯಾಸ 33 ಸೆಕೆಂಡ್. ಕಥೆಗೆ ಸಾಲದು.

ಹಾಗಾದರೆ ಸ್ವಲ್ಪ ಹೆಚ್ಚಿಸೋಣ ಅಂದರೆ? ಐನ್‌ಸ್ಟೈನನ ಲೆಕ್ಕದಲ್ಲಿ ಹೊತ್ತಿನ ಇಳಿಜಾರು ಮತ್ತು ಗುರುತ್ವ ಬೇರೆಬೇರೆಯಲ್ಲ. ನೂರು ಮೀಟರ್ ಆಳದ ಕೊಳ್ಳದ ತಳ ವರ್ಷಕ್ಕೆ ಬರೀ ಒಂದು ಸೆಕೆಂಡ್ ಹಿಂದೆ ಬೀಳಬೇಕಾದರೂ ಅಲ್ಲಿನ ಗುರುತ್ವ ಭೂಮಿಯದರ ಸುಮಾರು 29 ಲಕ್ಷ ಪಟ್ಟು ಇರಬೇಕು. ಅಷ್ಟು ಗುರುತ್ವದಲ್ಲಿ ಕಲ್ಲೂ ನಿಲ್ಲುವುದಿಲ್ಲ, ಕೊಳ್ಳವೂ ಇರುವುದಿಲ್ಲ. ಆದ್ದರಿಂದ ಕಥೆಗಾರ ಇಲ್ಲೊಂದು ಸುಳ್ಳು ಹೇಳಲೇಬೇಕು: ನನ್ನ ಕೊಳ್ಳದಲ್ಲಿ ಹೊತ್ತು ಬದಲಾಗುತ್ತದೆ, ಗುರುತ್ವ ಬದಲಾಗುವುದಿಲ್ಲ. ಹೇಳಿ, ಸಂಕೋಚಪಡಬೇಡಿ. ಓದುಗ ಒಂದು ಸುಳ್ಳನ್ನು ಕ್ಷಮಿಸುತ್ತಾನೆ. ಎರಡನೆಯದನ್ನು ಹೇಳುವ ಮೊದಲು ಮೊದಲನೆಯದರ ಪರಿಣಾಮವನ್ನೆಲ್ಲ ಕೊನೆತನಕ ನೋಡಿ.

ನಾವು ಒಂದು ಕೊಳ್ಳ ಕಟ್ಟೋಣ. ಹೆಸರು ಹೊತ್ತಿನಕೊಳ್ಳ. ತಳದಲ್ಲಿ ಒಂದು ನಿಮಿಷ ಅಂದರೆ ಮೇಲೆ ಒಂದು ಗಂಟೆ, ಅಂದರೆ ಅನುಪಾತ 60. ತಳದಲ್ಲಿ ಆರು ದಿನ ಚಿಲ್ಲರೆ ಇದ್ದರೆ ಮೇಲೆ ಒಂದು ವರ್ಷ. ಇನ್ನು ಅಂಚು ಎಷ್ಟು ಅಗಲ? ಹೆಚ್ಚಿನವರು ಈ ಪ್ರಶ್ನೆಯನ್ನೇ ಕೇಳಿಕೊಳ್ಳುವುದಿಲ್ಲ. ಗೆರೆ ಎಳೆದ ಹಾಗೆ ಅಂಚು ಇಟ್ಟುಬಿಡುತ್ತಾರೆ: ಒಂದು ಹೆಜ್ಜೆ ಆಚೆ ಇಟ್ಟರೆ ಬೇರೆ ಕಾಲ. ಹಾಗೆ ಇಟ್ಟರೆ ನಿಮ್ಮ ನಾಯಕ ಆ ಹೆಜ್ಜೆಯಲ್ಲೇ ಸಾಯುತ್ತಾನೆ. ಸೊಂಟದವರೆಗೆ ಇಳಿದಿದ್ದಾನೆ ಅಂದುಕೊಳ್ಳಿ. ಹೃದಯ ನಿಮಿಷಕ್ಕೆ ಐದು ಲೀಟರಿನಷ್ಟು ರಕ್ತ ತಳ್ಳುತ್ತದೆ, ಅದರಲ್ಲಿ ಕಾಲಿನ ಪಾಲು ಕೆಳಗೆ ಹೋಗುತ್ತದೆ. ಕಾಲಿನ ಹೊತ್ತಿಗೆ ಅದನ್ನು ವಾಪಸು ಕಳಿಸುವ ಅವಸರವಿಲ್ಲ, ಅರವತ್ತನೇ ಒಂದು ಪಾಲು ಮಾತ್ರ ಮೇಲೆ ಬರುತ್ತದೆ. ಮೈಯಲ್ಲಿರುವುದೇ ಐದು ಲೀಟರ್ ರಕ್ತ. ಒಂದೂವರೆ, ಎರಡು ಲೀಟರ್ ಕಾಲಲ್ಲಿ ನಿಂತರೆ ತಲೆಗೆ ರಕ್ತ ಸಾಲದೆ ಎಚ್ಚರ ತಪ್ಪುತ್ತದೆ, ಅದಕ್ಕೂ ಮೊದಲೇ ಕಾಲಿನ ಸಣ್ಣ ರಕ್ತನಾಳಗಳು ಒಡೆಯುತ್ತವೆ.

ಹಾಗಾಗಿ ಅಂಚನ್ನು ಹಿಗ್ಗಿಸಬೇಕು. ಮೀಟರಿಗೆ ಶೇ 1ರಂತೆ ಹೊತ್ತು ನಿಧಾನವಾಗಲಿ. ಚಕ್ರಬಡ್ಡಿಯ ಲೆಕ್ಕವೇ ಇದು. 60 ಪಟ್ಟು ಆಗಲು 411 ಮೀಟರ್ ಬೇಕು. ಜೋಗದ ರಾಜಾ 253 ಮೀಟರ್, ಅದರ ಒಂದೂವರೆ ಪಟ್ಟಿಗಿಂತ ಸ್ವಲ್ಪ ಹೆಚ್ಚು. ಕೊಳ್ಳದ ಆಳವೇ 411 ಮೀಟರ್ ಇರಲಿ, ದಂಡೆಯಿಂದ ತಳದವರೆಗೆ ಪೂರ್ತಿ ಅಂಚೇ. ಈಗ ನಿಂತ ಮನುಷ್ಯನ ತಲೆಗೂ ಪಾದಕ್ಕೂ ವ್ಯತ್ಯಾಸ ಶೇ 1.7 ಮಾತ್ರ. ವರ್ಷವಿಡೀ ನಿಂತೇ ಇದ್ದರೆ ಪಾದ ತಲೆಗಿಂತ ಆರು ದಿನ ಎಳೆಯದು. ಹೃದಯ ತಡೆದುಕೊಳ್ಳುತ್ತದೆ.

ಮನಸ್ಸಿನಲ್ಲಿ ಇಟ್ಟುಕೊಳ್ಳಬೇಕಾದ ಆಳಗಳು ನಾಲ್ಕು. ಹತ್ತು ಮೀಟರಿನಲ್ಲಿ ಅನುಪಾತ 1.1. ಎಪ್ಪತ್ತರಲ್ಲಿ 2. ನೂರ ನಲವತ್ತರಲ್ಲಿ 4. ನೂರ ತೊಂಬತ್ತಾರರಲ್ಲಿ 7. ಕೆಳಗಿಳಿಯುತ್ತ ಏನೇನಾಗುತ್ತದೆ ನೋಡೋಣ.

ಮೊದಲು ಕಿವಿಗೆ ಗೊತ್ತಾಗುತ್ತದೆ. ದಂಡೆಯ ಮೇಲೆ ಒಂದು ಶ್ರುತಿಪೆಟ್ಟಿಗೆಯನ್ನು ದೊಡ್ಡ ಸ್ಪೀಕರಿಗೆ ಜೋಡಿಸಿ ಬಿಳಿ ಒಂದರ ಶ್ರುತಿಯಲ್ಲಿ ಹಚ್ಚಿಡಿ. ಮೇಲೆ ಒಂದು ಸೆಕೆಂಡಿನಲ್ಲಿ ಹೊರಟ ಕಂಪನಗಳು ಕೆಳಗಿನವರಿಗೆ ಒಂದು ಸೆಕೆಂಡಿಗಿಂತ ಕಡಿಮೆ ಹೊತ್ತಿನಲ್ಲಿ ಬಂದು ಸೇರುತ್ತವೆ, ಅಂದರೆ ಸ್ವರ ಏರುತ್ತದೆ. 12 ಮೀಟರ್ ಇಳಿದಾಗ ಮೇಲಿನ ಷಡ್ಜ ಚತುಶ್ರುತಿ ರಿಷಭವಾಗಿ ಕೇಳುತ್ತದೆ. 22 ಮೀಟರಿನಲ್ಲಿ ಅಂತರ ಗಾಂಧಾರ, 29ರಲ್ಲಿ ಶುದ್ಧ ಮಧ್ಯಮ, 41ರಲ್ಲಿ ಪಂಚಮ, 51ರಲ್ಲಿ ಧೈವತ, 63ರಲ್ಲಿ ಕಾಕಲಿ ನಿಷಾದ, 70 ಮೀಟರಿಗೆ ಸರಿಯಾಗಿ ತಾರ ಷಡ್ಜ. ಶಂಕರಾಭರಣದ ಆರೋಹಣ ಮುಗಿಯಿತು. ಕೆಳಗಿಳಿಯುವವನ ಕೈಯಲ್ಲಿ ಅದೇ ಬಿಳಿ ಒಂದರ ಇನ್ನೊಂದು ಶ್ರುತಿಪೆಟ್ಟಿಗೆ ಇದ್ದರೆ ಸಾಕು, ಎರಡನ್ನೂ ಹೋಲಿಸಿ ಎಷ್ಟು ಆಳದಲ್ಲಿದ್ದೇನೆ, ಹೊತ್ತು ಎಷ್ಟು ಕೆಟ್ಟಿದೆ ಅಂತ ಹೇಳಬಲ್ಲ. ಸಂಗೀತ ಬಲ್ಲ ಪಾತ್ರವೊಂದನ್ನು ಕೊಳ್ಳಕ್ಕೆ ಇಳಿಸಲು ಇದಕ್ಕಿಂತ ಒಳ್ಳೆಯ ನೆಪ ಬೇಕೇ?

ಮೊಬೈಲ್, ಜಿಪಿಎಸ್ ವಿಷಯ ಬೇಗ ಮುಗಿಸಿಬಿಡೋಣ. ಹತ್ತು ಮೀಟರಿನಲ್ಲೇ ಎರಡೂ ಸತ್ತವು. ಜಿಪಿಎಸ್ ಉಪಗ್ರಹ ಕಳಿಸುವ 1575 ಮೆಗಾಹರ್ಟ್ಜ್ ಅಲೆ ಅಲ್ಲಿ 1740ರ ಆಸುಪಾಸಿನಲ್ಲಿ ಬರುತ್ತದೆ, ಫೋನು ಅದನ್ನು ಅಲ್ಲಿ ಹುಡುಕುವುದೇ ಇಲ್ಲ. ದಿನಕ್ಕೆ 38 ಮೈಕ್ರೊಸೆಕೆಂಡ್ ವ್ಯತ್ಯಾಸವನ್ನು ಸರಿಪಡಿಸದಿದ್ದರೆ ದಾರಿ ತಪ್ಪಿಸುವ ವ್ಯವಸ್ಥೆ ಅದು, ಶೇ 10 ಎಲ್ಲಿ ತಡೆಯುತ್ತದೆ.

ಬೆಳಕಿನ ಮೇಲೆ ನಿಲ್ಲಬೇಕು, ಯಾಕೆಂದರೆ ಮೊದಲು ಕೊಲ್ಲುವುದು ಅದೇ. ಸ್ವರ ಏರಿದ ಹಾಗೆಯೇ ಬೆಳಕಿನ ಕಂಪನವೂ ಏರುತ್ತದೆ: ಕೆಂಪು ಹಳದಿಯ ಕಡೆ, ನೀಲಿ ಅತಿನೇರಳೆಯ ಕಡೆ. ಹತ್ತು ಮೀಟರಿನಲ್ಲಿ ಬಣ್ಣದ ವ್ಯತ್ಯಾಸ ಅಷ್ಟಾಗಿ ಕಾಣುವುದಿಲ್ಲ. ಆದರೆ ನಿರುಪದ್ರವಿಯಾಗಿದ್ದ 330 ನ್ಯಾನೊಮೀಟರಿನ ಕಿರಣ 300ಕ್ಕೆ ಇಳಿದಿರುತ್ತದೆ, ಅದು ಚರ್ಮ ಸುಡುವ ಕಿರಣ. ಮಧ್ಯಾಹ್ನ ಒಂದು ಗಂಟೆ ಅಲ್ಲಿ ನಿಂತವನ ಕತ್ತು ಸಂಜೆಗೆ ಕೆಂಪಾಗಿ ಸಿಪ್ಪೆ ಏಳತೊಡಗುತ್ತದೆ. ಇನ್ನೊಂದು ವಿಷಯ: ಸೆಕೆಂಡಿಗೆ ಬೀಳುವ ಬೆಳಕಿನ ಕಣಗಳ ಸಂಖ್ಯೆಯೂ ಹೆಚ್ಚು, ಒಂದೊಂದರ ಶಕ್ತಿಯೂ ಹೆಚ್ಚು. ಅನುಪಾತ 2 ಆದರೆ ಬಿಸಿಲು ನಾಲ್ಕು ಪಟ್ಟು, 60 ಆದರೆ 3600 ಪಟ್ಟು. ಚದರ ಮೀಟರಿಗೆ 1000 ವಾಟ್ ಇರುವ ನಡುಮಧ್ಯಾಹ್ನದ ಬಿಸಿಲು ತಳಕ್ಕೆ ಹಾಗೇ ಮುಟ್ಟಿದರೆ 36 ಲಕ್ಷ ವಾಟ್.

ರಾತ್ರಿ ಇಳಿದರಾಯಿತು ಅನ್ನುತ್ತೀರಿ. ರಾತ್ರಿಯೂ ಬಂಡೆ, ಮೋಡ, ಗಾಳಿ ಎಲ್ಲವೂ ಶಾಖ ಸೂಸುತ್ತಲೇ ಇರುತ್ತವೆ, ಕಣ್ಣಿಗೆ ಕಾಣದ ಅವಕೆಂಪಿನಲ್ಲಿ. ಆ ಅವಕೆಂಪೂ ಏರುತ್ತದೆ. ನಿಯಮ ಸರಳ: ಕೆಲ್ವಿನ್ ಲೆಕ್ಕದ ಉಷ್ಣಾಂಶವನ್ನು ಅನುಪಾತದಿಂದ ಗುಣಿಸಿ. ಹೊರಗೆ 27 ಡಿಗ್ರಿ ಸೆಲ್ಸಿಯಸ್, ಅಂದರೆ 300 ಕೆಲ್ವಿನ್ ಇದ್ದರೆ, ಗಾಳಿ ತಂಪು ಮಾಡದಿದ್ದಲ್ಲಿ ಹತ್ತು ಮೀಟರಿನ ಬಂಡೆ ಕೊನೆಗೆ 58 ಡಿಗ್ರಿಗೆ, ಇಪ್ಪತ್ತು ಮೀಟರಿನದು 93 ಡಿಗ್ರಿಗೆ ಹೋಗಿ ನಿಲ್ಲುತ್ತದೆ. ಎಪ್ಪತ್ತರಲ್ಲಿ 600 ಕೆಲ್ವಿನ್, ಸೀಸ ಕರಗುವ ಹಂತದ ಹತ್ತಿರ. ಗಾಳಿ ಬೀಸಿದರೆ ಇಷ್ಟಾಗುವುದಿಲ್ಲ, ಆದರೆ ದಿಕ್ಕು ಇದೇ.

ಎಪ್ಪತ್ತು ಮೀಟರಿನ ಸುತ್ತ ಇನ್ನೊಂದು ವಿಚಿತ್ರ ನಡೆಯುತ್ತದೆ. ಅಲ್ಲಿ 480 ನ್ಯಾನೊಮೀಟರಿನ ನೀಲಿ ಬೆಳಕು 240ಕ್ಕೆ ಇಳಿಯುತ್ತದೆ. 242ಕ್ಕಿಂತ ಚಿಕ್ಕ ಅಲೆಯ ಬೆಳಕು ಆಮ್ಲಜನಕದ ಅಣುವನ್ನು ಸೀಳುತ್ತದೆ, ಸೀಳಿದ ಚೂರು ಇನ್ನೊಂದು ಅಣುವಿಗೆ ಅಂಟಿ ಓಜೋನ್ ಆಗುತ್ತದೆ. ಅಲ್ಲಿಂದ ಕೆಳಕ್ಕೆ ಹಗಲಿಡೀ ಓಜೋನ್ ಹುಟ್ಟುವ ಒಂದು ಪಟ್ಟಿ ಇರುತ್ತದೆ. ಬಹಳ ಹೊತ್ತು ಓಡಿದ ಜೆರಾಕ್ಸ್ ಯಂತ್ರದ ಹತ್ತಿರ ಬರುವ ಚುರುಕು ವಾಸನೆ, ಮೊದಲು ಮೂಗಿನಲ್ಲಿ, ಆಮೇಲೆ ಗಂಟಲಲ್ಲಿ ಕೆರೆತ, ಕೆಮ್ಮು, ಎದೆ ಬಿಗಿತ. ಓಜೋನ್ ಗಾಳಿಗಿಂತ ಭಾರ. ಬೆಳಗ್ಗೆ ಹುಟ್ಟಿದ್ದು ಸಂಜೆಗೆ ಕೆಳಗಿನ ಗುಂಡಿಗಳಲ್ಲಿ ನಿಂತಿರಬಹುದು.

ಮೇಲಿನಿಂದ ನೋಡುವವರಿಗೆ ಎಲ್ಲ ತಿರುಗಾಮುರುಗಾ. 60 ಮೀಟರ್ ಕೆಳಗಿನಿಂದ ಯಾರೋ ಎಲ್‌ಇಡಿ ಟಾರ್ಚ್ ಬೀಸುತ್ತಿದ್ದಾರೆ ಅನ್ನಿ. ಅಲ್ಲಿ ಅನುಪಾತ 1.8, ಟಾರ್ಚಿನ 450 ನ್ಯಾನೊಮೀಟರಿನ ನೀಲಿ ದಂಡೆಗೆ ಬರುವಷ್ಟರಲ್ಲಿ 818 ಆಗಿರುತ್ತದೆ, ಕಣ್ಣಿಗೆ ಏನೂ ಕಾಣದು. ಮೊಬೈಲ್ ಕ್ಯಾಮೆರಾದಲ್ಲಿ ಮಸುಕಾಗಿ ಕಂಡೀತು. ಇಲ್ಲಿ ಬರೆಯುವವರು ಜಾರುವ ಒಂದು ಜಾಗವಿದೆ. ಟಾರ್ಚ್ ಕಾಣದಿದ್ದರೆ ಹಗಲಲ್ಲೂ ಕೊಳ್ಳ ಕಪ್ಪಗೆ ಕಾಣಬೇಕಲ್ಲ? ಇಲ್ಲ. ಬಿಸಿಲು ಇಳಿಯುವಾಗ ಎಷ್ಟು ಏರಿತೋ, ಬಂಡೆಗೆ ಬಡಿದು ವಾಪಸು ಬರುವಾಗ ಅಷ್ಟೇ ಇಳಿಯುತ್ತದೆ. ಆದ್ದರಿಂದ ಹಗಲಲ್ಲಿ ಬಂಡೆ, ಮನುಷ್ಯ ಎಲ್ಲ ಕಾಣುತ್ತಾರೆ, ಅವರು ಹಚ್ಚಿದ ದೀಪ ಮಾತ್ರ ಕಾಣುವುದಿಲ್ಲ. ರಾತ್ರಿಯಾದರೆ ಅವರೂ ಇಲ್ಲ, ದೀಪವೂ ಇಲ್ಲ. ಹುಡುಕಲು ಬಂದವರು ದಂಡೆಯ ಮೇಲೆ ನಿಂತು ಕೆಳಗೆ ಯಾರೂ ಇಲ್ಲ ಅಂತ ತೀರ್ಮಾನಿಸಲು ಇಷ್ಟು ಸಾಕು.

ಕೆಳಗಿನವರಿಗೆ ಆಕಾಶವೇ ಕುಗ್ಗುತ್ತದೆ. ಬೆಳಕು ನಿಧಾನದ ಕಡೆಗೆ ಬಾಗುವುದರಿಂದ, 70 ಮೀಟರಿನಲ್ಲಿ ಇಡೀ ಆಕಾಶ ನೆತ್ತಿಯ ಸುತ್ತ 60 ಡಿಗ್ರಿಯ ಬಟ್ಟಲಿನೊಳಗೆ ಬಂದಿರುತ್ತದೆ. ತಳದಲ್ಲಿ ಎರಡು ಡಿಗ್ರಿ ಅಗಲದ ಬಿಲ್ಲೆ, ನಾಲ್ಕು ಚಂದ್ರರನ್ನು ಸಾಲಾಗಿ ಇಟ್ಟಷ್ಟು.

ಬಿಸಿಯನ್ನು ಹೇಗೋ ತಡೆದಿರಿ, ತಂಪು ಮಾಡುವ ಉಡುಪು ತೊಡಿಸಿದಿರಿ ಅಂದುಕೊಳ್ಳಿ. ಆಗ ಗಾಳಿ ಕಾಯುತ್ತಿರುತ್ತದೆ. ಗಾಳಿಯ ಕಣ ಒಳಗೆ ಬರುವುದು ಹೊರಗಿನ ವೇಗದಲ್ಲಿ, ಹೊರಗೆ ಹೋಗುವುದು ಒಳಗಿನ ನಿಧಾನದಲ್ಲಿ. ಹೆದ್ದಾರಿಯಲ್ಲಿ ಟೋಲ್ ಗೇಟಿನ ಹಿಂದೆ ವಾಹನ ಒತ್ತೊತ್ತಾಗಿ ನಿಲ್ಲುವ ಹಾಗೆ ಕಣಗಳು ದಟ್ಟವಾಗುತ್ತವೆ. ಎಲ್ಲಿಯವರೆಗೆ? ಒಳಬರುವುದೂ ಹೊರಹೋಗುವುದೂ ಸಮ ಆಗುವವರೆಗೆ, ಅಂದರೆ ಒತ್ತಡ ಅನುಪಾತದಷ್ಟೇ ಪಟ್ಟು ಆಗುವವರೆಗೆ. 70 ಮೀಟರಿನಲ್ಲಿ ಎರಡು ವಾಯುಭಾರ, 140ರಲ್ಲಿ ನಾಲ್ಕು, ತಳದಲ್ಲಿ ಅರವತ್ತು.

ಇಲ್ಲಿಂದ ಮುಂದಿನದು ಸಮುದ್ರದಲ್ಲಿ ಸ್ಕೂಬಾ ಮಾಡುವವರಿಗೆ ಬಾಯಿಪಾಠ. ನಾಲ್ಕು ವಾಯುಭಾರ ಅಂದರೆ ನೀರಿನಲ್ಲಿ 30 ಮೀಟರ್ ಆಳ. ಅಲ್ಲಿ ಸಾರಜನಕದ ಅಮಲು ಶುರುವಾಗುತ್ತದೆ: ತೀರ್ಮಾನ ತಡವಾಗುತ್ತದೆ, ಕಾರಣವಿಲ್ಲದೆ ಧೈರ್ಯ ಬರುತ್ತದೆ, ಗಂಟು ಹಾಕಿದ್ದು ಸರಿಯಾಗಿದೆಯೋ ಅಂತ ಎರಡನೇ ಸಲ ನೋಡಬೇಕು ಅನಿಸುವುದಿಲ್ಲ. ಏಳು ವಾಯುಭಾರಕ್ಕೆ, ಅಂದರೆ 196 ಮೀಟರಿಗೆ, ಆ ಒತ್ತಡದಲ್ಲಿ ಆಮ್ಲಜನಕದ ಪಾಲೇ 1.5 ವಾಯುಭಾರ ತಲುಪುತ್ತದೆ. 1.6 ಮೀರಿದರೆ ಎಚ್ಚರಿಕೆಯಿಲ್ಲದೆ ಫಿಟ್ಸ್ ಬರಬಹುದು. ಬರಿಯ ಗಾಳಿ ಉಸಿರಾಡುವ ಮನುಷ್ಯನಿಗೆ ಅದೇ ಕೊನೆಯ ಗಡಿ, ಅದರ ಕೆಳಗೆ ಇನ್ನೂ ಇನ್ನೂರು ಮೀಟರ್ ಕೊಳ್ಳ ಉಳಿದಿರುತ್ತದೆ.

ವಾಪಸು ಬರುವುದು ಇನ್ನೂ ಕಷ್ಟ. ನಾಲ್ಕು ವಾಯುಭಾರದಲ್ಲಿ ತನ್ನ ಗಡಿಯಾರದ ಇಪ್ಪತ್ತು ನಿಮಿಷಕ್ಕಿಂತ ಹೆಚ್ಚು ಇದ್ದವನು ನೇರ ಮೇಲೆ ಬರುವ ಹಾಗಿಲ್ಲ. ರಕ್ತದಲ್ಲಿ ಕರಗಿದ ಸಾರಜನಕ ಸೋಡಾ ಬಾಟಲಿ ತೆರೆದಂತೆ ಗುಳ್ಳೆಯಾಗುತ್ತದೆ, ಕೀಲುಗಳಲ್ಲಿ ನೋವು, ಹೆಚ್ಚಾದರೆ ಲಕ್ವ. ನಿಮಿಷಕ್ಕೆ ಒಂದು ವಾಯುಭಾರಕ್ಕಿಂತ ಬೇಗ ಏರಬಾರದು, ನಡುವೆ ನಿಂತು ನಿಂತು ಬರಬೇಕು. ಈಗ ಮೇಲಿನವರನ್ನು ಯೋಚಿಸಿ. ಗೆಳೆಯ ಕೆಳಗಿದ್ದಾನೆ, ಅವರ ಲೆಕ್ಕದಲ್ಲಿ ಎರಡು ಗಂಟೆಯಾಯಿತು, ಸದ್ದಿಲ್ಲ. ಅವನ ಲೆಕ್ಕದಲ್ಲಿ ಅರ್ಧ ಗಂಟೆ. ಗಾಬರಿಯಾಗಿ ಹಗ್ಗ ಎಳೆಯುತ್ತಾರೆ.

ಹಗ್ಗ ಎಳೆಯಬಾರದು. ಮೇಲೆ ಸೆಕೆಂಡಿಗೆ 30 ಸೆಂಟಿಮೀಟರ್, ಅಂದರೆ ಸಾವಕಾಶವಾಗಿಯೇ ಎಳೆಯುತ್ತಿದ್ದಾರೆ. 140 ಮೀಟರಿನಲ್ಲಿರುವವನ ಸೆಕೆಂಡಿಗೆ ಅದು 1.2 ಮೀಟರ್. ತಳದಲ್ಲಿದ್ದರೆ ಸೆಕೆಂಡಿಗೆ 18 ಮೀಟರ್, ಗಂಟೆಗೆ 65 ಕಿಲೊಮೀಟರ್ ವೇಗದಲ್ಲಿ ಬಂಡೆಗೆ ಉಜ್ಜಿಕೊಂಡು ಬರುತ್ತಾನೆ. ಬಲವೂ ಹಾಗೆಯೇ. ಮೇಲಿನವರು ಹತ್ತು ಕಿಲೊ ಜಗ್ಗಿದರೆ ತಳದಲ್ಲಿ ಅದು 600 ಕಿಲೊ. ಎತ್ತರದಲ್ಲಿ ಕೆಲಸ ಮಾಡುವವರ ಸುರಕ್ಷಾ ಬೆಲ್ಟಿನ ನಿಯಮ ಮನುಷ್ಯನ ಮೈ ಮೇಲೆ ಬೀಳಬಹುದಾದ ಗರಿಷ್ಠ ಎಂದು ಇಟ್ಟಿರುವ ಆರು ಕಿಲೊನ್ಯೂಟನ್‌ಗೆ ಅದು ಸಮ. ಹದಿನೈದು ಕಿಲೊ ಜಗ್ಗಿದರೆ ಪಕ್ಕೆಲುಬಿನ ಗತಿ ನೀವೇ ಬರೆಯಿರಿ. ಇದರ ಇನ್ನೊಂದು ಮುಖ ಕಥೆಗೆ ಹೆಚ್ಚು ಉಪಯೋಗಕ್ಕೆ ಬರುತ್ತದೆ: ತಳದಲ್ಲಿ ಜೋತಾಡುತ್ತಿರುವ 60 ಕಿಲೊದ ಮನುಷ್ಯ ಮೇಲಿನವರ ಕೈಗೆ ಬರೀ ಒಂದು ಕಿಲೊ ಭಾರ. ಹಗ್ಗ ಖಾಲಿಯಾಗಿದೆ, ಬಿದ್ದುಹೋದ ಅಂದುಕೊಳ್ಳುತ್ತಾರೆ. ಖಾಲಿ ಹಗ್ಗವನ್ನು ಯಾರೂ ಸಾವಕಾಶ ಎಳೆಯುವುದಿಲ್ಲ.

ಇಳಿಯುವ ಪದ್ಧತಿ ಹೇಗಿರಬೇಕು ಅಂದರೆ: ಹಗ್ಗ ದಂಡೆಗೆ ಕಟ್ಟಿರಬೇಕು, ಕೈಯಲ್ಲಿ ಹಿಡಿದಿರಬಾರದು, ಹತ್ತುವುದನ್ನು ಇಳಿದವನೇ ಮಾಡಬೇಕು. ಮೇಲೆ ನಿಮಿಷಕ್ಕೊಮ್ಮೆ ಜಾಗಟೆ ಹೊಡೆಯಬೇಕು. ಇಳಿಯುವವನು ಹತ್ತು ಹತ್ತು ಮೀಟರಿಗೆ ನಿಂತು ಎರಡು ಹೊಡೆತದ ನಡುವಿನ ಸೆಕೆಂಡ್ ಎಣಿಸಬೇಕು. ಹತ್ತು ಮೀಟರಿನಲ್ಲಿ 54, ಇಪ್ಪತ್ತರಲ್ಲಿ 49, ಮೂವತ್ತರಲ್ಲಿ ನಲವತ್ತನಾಲ್ಕೂವರೆ ಬರಬೇಕು. ಅದಕ್ಕಿಂತ ಕಡಿಮೆ ಬಂದರೆ ಇಳಿಜಾರು ಕಡಿದಾಗುತ್ತಿದೆ ಅಂತ ಅರ್ಥ, ಮುಂದೆ ಹೋಗಬಾರದು. ನೋಟ್‌ಬುಕ್ಕಿನಲ್ಲಿ ಎರಡು ಕಾಲಂ, ಮೇಲಿನ ಹೊತ್ತು, ಕೆಳಗಿನ ಹೊತ್ತು. ಕಥೆ ಬರೆಯುವಾಗ ನೀವೂ ಇದೇ ಎರಡು ಕಾಲಂ ಇಟ್ಟುಕೊಳ್ಳಿ. ಇಲ್ಲದಿದ್ದರೆ ಮೂರನೇ ಅಧ್ಯಾಯದಲ್ಲಿ ಯಾರಿಗೆ ಯಾವ ದಿನ ಅಂತ ನಿಮಗೇ ತಿಳಿಯದು.

ನೀರು. ನಿಜವಾದ ಇಕ್ಕಟ್ಟಿನ ಕಣಿವೆಗಳಲ್ಲಿ ಜನ ಸಾಯುವುದು ನೀರಿನಿಂದಲೇ. 1997ರ ಆಗಸ್ಟ್ 12ರಂದು ಅರಿಜೋನಾದ ಆಂಟೆಲೋಪ್ ಕ್ಯಾನ್ಯನ್‌ನಲ್ಲಿ 11 ಪ್ರವಾಸಿಗರು ಕೊಚ್ಚಿಹೋದರು. ಮಳೆ ಬಿದ್ದದ್ದು ಅಲ್ಲಲ್ಲ, ಮೇಲ್ಭಾಗದಲ್ಲಿ ಎಷ್ಟೋ ದೂರ. ಹೊತ್ತಿನಕೊಳ್ಳದಲ್ಲಿ ಒಂದು ಹಳ್ಳ ಒಂದು ಬಾಯಿಂದ ಬಂದು ಇನ್ನೊಂದು ಬಾಯಿಂದ ಹೋಗಲಿ, ಎರಡು ಬಾಯಲ್ಲೂ ಇಂಥದೇ ಅಂಚು ಇರಲಿ. ಹೊರಗೆ ಸೆಕೆಂಡಿಗೆ ಒಂದು ಘನ ಮೀಟರ್ ಹರಿಯುವ ನೀರು ಒಳಗಿನವರ ಸೆಕೆಂಡಿಗೆ 60 ಘನ ಮೀಟರ್. ಹಳ್ಳದ ಅಗಲ, ಇಳಿಜಾರು ಬದಲಾಗದಿದ್ದರೆ ನೀರಿನ ಆಳ ಸುಮಾರು 12 ಪಟ್ಟು ಆಗುತ್ತದೆ. ಮೇಲೆ ಮೊಣಕಾಲು ಮುಟ್ಟದ 30 ಸೆಂಟಿಮೀಟರ್ ನೀರು, ಒಳಗೆ ಮೂರೂವರೆ ಮೀಟರ್. ಅಂದರೆ ಬೇಸಿಗೆಯಲ್ಲೂ ತಳದಲ್ಲಿ ಹೊಳೆ. ಹೊರಗೆ ಒಂದು ಗಂಟೆಯಲ್ಲಿ ಏರುವ ಪ್ರವಾಹ ಅಲ್ಲಿ ಒಂದು ನಿಮಿಷದಲ್ಲಿ ಏರುತ್ತದೆ. ಮಳೆಗಾಲ ಪೂರ್ತಿ, ನಾಲ್ಕು ತಿಂಗಳು, ಎರಡು ದಿನದಲ್ಲಿ ಹರಿದು ಮುಗಿಯುತ್ತದೆ.

ಹಾಗಾದರೆ ತಿರುಗಿಸಿದರೆ? ತಳದಲ್ಲಿ ಹೊತ್ತು ಬೇಗ ಓಡುವ ಕೊಳ್ಳ. ಲೆಕ್ಕವೆಲ್ಲ ಅಡಿಮೇಲಾಗುತ್ತದೆ, ಸಾವು ಮಾತ್ರ ತಪ್ಪುವುದಿಲ್ಲ. ಬಿಸಿಲು 3600ನೇ ಒಂದು ಪಾಲು, ಅದೂ ಕಣ್ಣಿಗೆ ಕಾಣದ ಅವಕೆಂಪು, ಕತ್ತಲು. ಉಷ್ಣಾಂಶ ಕೊನೆಗೆ ಐದು ಕೆಲ್ವಿನ್ ಕಡೆಗೆ. ಗಾಳಿಯ ಒತ್ತಡ ಅರವತ್ತನೇ ಒಂದು, ಸುಮಾರು 28 ಕಿಲೊಮೀಟರ್ ಎತ್ತರದಲ್ಲಿ ಇರುವಷ್ಟು. ಮೈಬಿಸಿಗೇ ಬಾಯಲ್ಲಿನ ಜೊಲ್ಲು ಕುದಿಯುತ್ತದೆ. ಇದನ್ನೆಲ್ಲ ಬದಿಗಿಟ್ಟರೂ, ಮೂರು ಗಂಟೆಯಲ್ಲಿ ಬಂದ ಚುರುಕಾದ ರಕ್ಷಣಾ ತಂಡಕ್ಕೆ ಸಿಗುವುದು ಏಳೂವರೆ ದಿನದಿಂದ ನೀರಿಲ್ಲದೆ ಬಿದ್ದವನು.

ಇಷ್ಟು ಕಡಿದಾದ ಕೊಳ್ಳದಲ್ಲಿ ಬದುಕಿನ ಕಥೆ ನಡೆಯುವುದಿಲ್ಲ, ಸಾಹಸದ ಕಥೆಯಷ್ಟೇ. ನನ್ನನ್ನು ಕೇಳಿದರೆ ಸೌಮ್ಯವಾದ ಕೊಳ್ಳವೇ ಹೆಚ್ಚು ಕಥೆ ಕೊಡುತ್ತದೆ. ಆಳ ಅದೇ 411 ಮೀಟರ್, ಮೀಟರಿಗೆ ಶೇ 0.023, ತಳದಲ್ಲಿ ಅನುಪಾತ 1.1. ಗಾಳಿ ಹತ್ತು ಪರ್ಸೆಂಟ್ ದಟ್ಟ, ಕಿವಿ ಗುಯ್‌ಗುಟ್ಟಬಹುದು. ಬಿಸಿಲು ಚುರುಕು, ತಲೆಗೆ ಟವೆಲ್ ಸುತ್ತಿಕೊಂಡರೆ ಮಧ್ಯಾಹ್ನ ಬಿಟ್ಟು ಕೆಲಸ ಮಾಡಬಹುದು. ಅಲ್ಲೊಂದು ಕಲ್ಲು ಕ್ವಾರಿ ಇಡಿ. ತಳದ ನೂರು ಕಿಲೊ ಕಲ್ಲು ದಂಡೆಯ ರಾಟೆಗೆ 91 ಕಿಲೊ ಮಾತ್ರ, ಮೇಲೆ ಬರುತ್ತಾ ನೂರಾಗುತ್ತದೆ, ಸರಾಸರಿ 95. ಕಂತ್ರಾಟುದಾರನಿಗೆ ಡೀಸೆಲ್ ಉಳಿತಾಯ.

ಇಲ್ಲಿ ಎಂಜಿನಿಯರ್ ಓದುಗರೊಬ್ಬರು ಪತ್ರ ಬರೆಯುತ್ತಾರೆ, ಬರೆಯಲೇಬೇಕು. 95ರ ಶ್ರಮದಲ್ಲಿ ಮೇಲೆತ್ತಿದ ಕಲ್ಲನ್ನು ಕೊಳ್ಳದ ಹೊರಗಿನ ಇಳಿಜಾರಿನಲ್ಲಿ ಇಳಿಬಿಟ್ಟರೆ ನೂರರ ಶಕ್ತಿ ಸಿಗುತ್ತದೆ, ಹಳ್ಳದ ಬಾಯಿಂದ ಮತ್ತೆ ಒಳಗೆ ತಂದರೆ ಪುಗಸಟ್ಟೆ ವಿದ್ಯುತ್ತು. ಇದು ಮೊದಲು ಹೇಳಿದ ಸುಳ್ಳಿನಲ್ಲಿ ಉಳಿದ ತೂತು. ನಿಜವಾದ ಭೌತಶಾಸ್ತ್ರದಲ್ಲಿ ಆ ಲೆಕ್ಕವನ್ನು ಗುರುತ್ವ ಸರಿದೂಗಿಸುತ್ತದೆ, ನಾವು ಗುರುತ್ವವನ್ನು ಹೊರಗಿಟ್ಟೆವು. ಮುಚ್ಚುವ ದಾರಿ ಒಂದಿದೆ: ಪುಗಸಟ್ಟೆ ಬಂದ ಶಕ್ತಿಯನ್ನು ಕೊಳ್ಳವೇ ಕೊಡಲಿ, ಕೊಟ್ಟಷ್ಟೂ ಅದರ ಅನುಪಾತ ಒಂದರ ಕಡೆಗೆ ಸವೆಯಲಿ. ಎಷ್ಟು ಕಲ್ಲಿಗೆ ಎಷ್ಟು ಸವೆತ ಅಂತ ನೀವೇ ಮೊದಲೇ ನಿಗದಿ ಮಾಡಿಕೊಳ್ಳಿ, ನಡುವೆ ಬದಲಿಸಬೇಡಿ.

ಕೂಲಿಯವರು ಸಂಸಾರ ಸಮೇತ ತಳದಲ್ಲೇ ಗುಡಿಸಲು ಹಾಕಿಕೊಂಡಿದ್ದಾರೆ. ಎಂಟು ಗಂಟೆಯ ಪಾಳಿ ಮೇಲಿನವರಿಗೆ ಎಂಟು ಗಂಟೆ ನಲವತ್ತೆಂಟು ನಿಮಿಷ. ಮೇಲೆ 365 ದಿನ ಆಗುವಾಗ ಅವರಿಗೆ 332. ಇಪ್ಪತ್ತು ವರ್ಷಕ್ಕೆ ಅವರಿಗೆ ಹದಿನೆಂಟು ವರ್ಷ ಎರಡು ತಿಂಗಳು ವಯಸ್ಸಾಗುತ್ತದೆ. ಇದು ಲಾಭದಂತೆ ಕಾಣುತ್ತದೆ. ಹಾಜರಿ ಪುಸ್ತಕ ತೆಗೆದು ನೋಡಿ. ದಿನಗೂಲಿ 500 ರೂಪಾಯಿ, ಅದರ ದಿನ ಎಣಿಸುವುದು ತಳದಲ್ಲಿ ತೂಗುಹಾಕಿದ ಗಡಿಯಾರ. ಮುಂಗಡ ಸಾಲ ಒಂದು ಲಕ್ಷ, ನೂರಕ್ಕೆ ಎರಡರ ಬಡ್ಡಿ, ಅದರ ತಿಂಗಳು ಎಣಿಸುವುದು ದಂಡೆಯ ಮೇಲಿನ ಆಫೀಸಿನ ಕ್ಯಾಲೆಂಡರ್. ಮೇಲಿನ ಒಂದು ತಿಂಗಳಿಗೆ ಬಡ್ಡಿ ಪೂರ್ತಿ ಎರಡು ಸಾವಿರ, ಕೂಲಿ ಮಾತ್ರ ಇಪ್ಪತ್ತೇಳು ಚಿಲ್ಲರೆ ದಿನದ್ದು. ಒಂದು ದಿನವೂ ತಪ್ಪದೆ ದುಡಿದರೂ ವರ್ಷಕ್ಕೆ 33 ದಿನದ ಕೂಲಿ, ಹದಿನಾರೂವರೆ ಸಾವಿರ, ಅವರ ಪುಸ್ತಕದಲ್ಲಿ ಬರೆದೇ ಇರುವುದಿಲ್ಲ. ಎರಡು ಗಡಿಯಾರವನ್ನೂ ಪಕ್ಕಪಕ್ಕದಲ್ಲಿ ಇಟ್ಟು ನೋಡಿದವರು ಅಲ್ಲಿ ಯಾರಾದರೂ ಇದ್ದರೆ, ಕಥೆಯನ್ನು ಅವರಿಂದ ಶುರುಮಾಡಿ.